ಒನ್ನಮ್ಮನವರಿಗೆ ಪ್ರವೇಶವಿಲ್ಲ

ಮನುಷ್ಯರು ಒಬ್ಬರಿಗೊಬ್ಬರು ನೇರವಾಗಿ ಮಾತನಾಡಬೇಕು, ಮನಸ್ಸಿನಲ್ಲಿ ಇದ್ದದ್ದನ್ನು ಮುಖಕ್ಕೇ ಹೇಳಿಬಿಡಬೇಕು, ಆಗಲೇ ಸಂಸಾರ ಚೆನ್ನಾಗಿರುವುದು ಎಂದು ಭಾಷಣ ಮಾಡುವವರನ್ನು ಕಂಡರೆ ನನಗೆ ಮೊದಲಿನಿಂದಲೂ ಗುಮಾನಿ. ಅಂಥವರಿಗೆ ಅತ್ತೆ ಇರಲಾರರು. ಇದ್ದರೂ ಬಸ್ಸು ಹೋಗದ ಊರಿನಲ್ಲಿರಬೇಕು. ನನ್ನ ಸಂಸಾರ ಇಷ್ಟು ವರ್ಷ ಸುಸೂತ್ರವಾಗಿ ನಡೆದದ್ದಕ್ಕೆ ಕಾರಣವೇ ನಾನೂ ನನ್ನ ಅತ್ತೆಯೂ ಒಂದು ಮಾತನ್ನೂ ನೇರವಾಗಿ ಆಡದೆ ಇದ್ದದ್ದು. ಜಗಳವಾಗಿ ಮಾತು ಬಿಟ್ಟದ್ದೇನಲ್ಲ. ನಮ್ಮ ಕಡೆ ಹಳೆಯ ಕಾಲದ ಹೆಂಗಸರಲ್ಲಿ ಅಳಿಯನ ಎದುರು ನಿಂತು ಮಾತನಾಡುವ ಪದ್ಧತಿ ಇಲ್ಲ. ನಾನು ಮೂಗೂರಿಗೆ ಹೋಗಿ ಪಡಸಾಲೆಯಲ್ಲಿ ಕೂತರೆ, ನಮ್ಮ ಅತ್ತೆ ಹೊನ್ನಮ್ಮನವರು ಅಡುಗೆಮನೆಯ ಬಾಗಿಲ ಹಿಂದೆ ನಿಂತು, ಸೆರಗನ್ನು ತಲೆಯ ಮೇಲೆ ಎಳೆದುಕೊಂಡು, ನನ್ನ ಹೆಂಡತಿ ಭಾಗ್ಯಳಿಗೆ ಹೇಳುತ್ತಾರೆ: "ಕಾಪಿ ಕುಡೀತಾರಾ ಕೇಳವ್ವ." ನನಗೆ ಚೆನ್ನಾಗಿ ಕೇಳಿಸುತ್ತದೆ. ಆದರೂ ಭಾಗ್ಯ ನನ್ನ ಕಡೆ ತಿರುಗಿ "ಕಾಫಿ ಕುಡೀತೀರಾ?" ಎನ್ನುತ್ತಾಳೆ. ನಾನು "ಕುಡೀತೀನಿ" ಎನ್ನುತ್ತೇನೆ. ಅದು ಅವರಿಗೂ ಚೆನ್ನಾಗಿ ಕೇಳಿಸುತ್ತದೆ. ಆದರೂ ಭಾಗ್ಯ ಒಳಗೆ ಹೋಗಿ "ಕುಡೀತಾರಂತೆ" ಎಂದ ಮೇಲೆಯೇ ಒಲೆಯ ಮೇಲೆ ಪಾತ್ರೆ ಏರುವುದು.

ಭಾಗ್ಯ ಮಾತನ್ನು ದಾಟಿಸುವುದಷ್ಟೇ ಅಲ್ಲ, ಸೋಸಿ ದಾಟಿಸುತ್ತಾಳೆ. ಒಮ್ಮೆ ನಾನು ಆಸೆಪಟ್ಟು ಅತ್ತೆಯ ಗದ್ದೆಗೆ ಬಿತ್ತನೆ ಭತ್ತ ತರಿಸಿಕೊಟ್ಟೆ. ಅದರಲ್ಲಿ ಅರ್ಧ ಮೊಳಕೆಯೊಡೆಯಲಿಲ್ಲ. ಅತ್ತೆ ಮಗಳಿಗೆ ಫೋನು ಮಾಡಿದರು. ಭಾಗ್ಯ ಫೋನನ್ನು ಕಿವಿಯಿಂದ ಒಂದು ಗೇಣು ದೂರ ಹಿಡಿದು ಬಹಳ ಹೊತ್ತು "ಹ್ಞೂಂ, ಹ್ಞೂಂ" ಎನ್ನುತ್ತಿದ್ದಳು. ಇಟ್ಟ ಮೇಲೆ ಏನಂತೆ ಎಂದು ಕೇಳಿದೆ. "ಬೀಜ ಸ್ವಲ್ಪ ಹಳೇದಿತ್ತೇನೋ ಅಂತಿತ್ತು ಅಮ್ಮ" ಎಂದಳು. ಅಷ್ಟು ಚಿಕ್ಕ ಮಾತಿಗೆ ಅಷ್ಟು ಹೊತ್ತು ಬೇಕಾಯಿತೇ ಎಂದು ನಾನು ಕೇಳಲಿಲ್ಲ. ಕೇಳದೆ ಇರುವುದೂ ಸಂಸಾರದ ಒಂದು ವಿದ್ಯೆ.

ಇಷ್ಟನ್ನು ಮೊದಲೇ ಹೇಳಿದ್ದು ಯಾಕೆಂದರೆ, ಮುಂದೆ ಕಂಪ್ಯೂಟರಿನ ವಿಷಯ ಬರುತ್ತದೆ, ಓದುಗರು ಗಾಬರಿಯಾಗಬಾರದು. ನಾನು ನಂಜನಗೂಡಿನಲ್ಲಿ ರೈತರ ಯಂತ್ರ ಬಾಡಿಗೆ ಸಂಘವೊಂದರ ಕಾರ್ಯದರ್ಶಿ. ಭತ್ತ ಕೊಯ್ಯುವ ಯಂತ್ರಗಳು ನಮ್ಮ ಆಸ್ತಿ. ಸದಸ್ಯರು ಸಂಘದ ವೆಬ್‌ಸೈಟಿಗೆ ಹೋಗಿ, ಯಾವ ದಿನ ಯಂತ್ರ ಬೇಕು ಎಂದು ಗುರುತು ಹಾಕಬೇಕು. ಯಂತ್ರ ಆ ದಿನ ಅವರ ಗದ್ದೆಗೆ ಹೋಗುತ್ತದೆ. ಫೋನಿನಲ್ಲಿ ಹೇಳಿದರೆ ಆಗದು, ಕೈಹಿಡಿದು ಕೇಳಿಕೊಂಡರೂ ಆಗದು. ಈ ಕಟ್ಟುನಿಟ್ಟು ನನ್ನದೇ. ಯಾಕೆಂದರೆ ಸಂಘಕ್ಕೆ ಎರಡು ಶಾಖೆ: ಒಂದು ಚಿಕ್ಕಯ್ಯನಛತ್ರದಲ್ಲಿ, ಇನ್ನೊಂದು ಮೂಗೂರಿನಲ್ಲಿ. ಮೊದಲನೆಯದು ನಾನು ಹುಟ್ಟಿದ ಊರು, ಎರಡನೆಯದು ಹೆಣ್ಣು ತಂದ ಊರು. ಯಾವ ಕಡೆಗೆ ಒಂದು ಯಂತ್ರ ಹೆಚ್ಚು ಹೋದರೂ ಇನ್ನೊಂದು ಕಡೆಯವರು ನನ್ನ ಮೂಗು ಹಿಡಿಯುತ್ತಿದ್ದರು. ಆದ್ದರಿಂದ ಎಲ್ಲವನ್ನೂ ಕಂಪ್ಯೂಟರಿನ ತಲೆಗೆ ಕಟ್ಟಿ ನಾನು ನಿಶ್ಚಿಂತನಾಗಿದ್ದೆ. ಅದೂ ಅಚ್ಚ ಕನ್ನಡದ ವೆಬ್‌ಸೈಟು. ಹೆಸರು, ಊರು, ಪಾಸ್‌ವರ್ಡು ಎಲ್ಲವನ್ನೂ ಕನ್ನಡ ಅಕ್ಷರದಲ್ಲೇ ಬರೆಯಬೇಕೆಂದು ಹಟ ಹಿಡಿದು ಮಾಡಿಸಿದವನು ನಾನು.

ಕನ್ನಡದ ವಿಷಯದಲ್ಲಿ ನನಗೆ ಈ ಹಟ ಬಂದದ್ದು ಶಾಲೆಯಲ್ಲಿ. ನನ್ನ ಹೆಸರು ಹನುಮೇಗೌಡ. ಹಾಜರಿ ಕೂಗಿದಾಗ ನಾನು "ಅನ್ಮೇಗೌಡ ಬಂದಿವ್ನಿ ಸಾ" ಎನ್ನುತ್ತಿದ್ದೆ. ನಮ್ಮ ಕಡೆಯ ಮಾತಿನಲ್ಲಿ ಹಕಾರ ನಿಲ್ಲುವುದಿಲ್ಲ; ಹಳ್ಳಿ ಅಳ್ಳಿಯಾಗುತ್ತದೆ, ಹೋಗು ಓಗು ಆಗುತ್ತದೆ, ಅದರಿಂದ ಯಾರ ಬೇಸಾಯವೂ ನಿಂತಿಲ್ಲ. ಆದರೆ ನಮ್ಮ ಕನ್ನಡ ಮೇಷ್ಟರಿಗೆ ಅದು ಪ್ರಾಣಸಂಕಟ. "ಲೋ, ನಿನ್ನ ಹೆಸರಿನ ತಲೆ ಎಲ್ಲಿ ಬಿಟ್ಟು ಬಂದೆಯೋ?" ಎನ್ನುತ್ತಿದ್ದರು. ನನ್ನನ್ನು ಮುಂದೆ ನಿಲ್ಲಿಸಿ, ಅಂಗೈ ಮೇಲೆ ಸೀಮೆಸುಣ್ಣದ ಪುಡಿ ಉದುರಿಸಿ, ಅದನ್ನು ಬಾಯಿಯ ಹತ್ತಿರ ಹಿಡಿದು "ಹಾಲು" ಎನ್ನು, "ಹಲಸು" ಎನ್ನು ಎನ್ನುವರು. ಪುಡಿ ಹಾರಿದರೆ ಹಕಾರ ಸರಿ, ಹಾರದಿದ್ದರೆ ತಪ್ಪು. ವರ್ಷ ಮುಗಿಯುವ ಹೊತ್ತಿಗೆ ನಾನು ಬಾಯಿ ತೆರೆದರೆ ಮುಂದಿನ ಬೆಂಚಿನವರು ಕಣ್ಣು ಮುಚ್ಚಿಕೊಳ್ಳುವಷ್ಟು ಪುಡಿ ಹಾರುತ್ತಿತ್ತು. ಅಂದಿನಿಂದ ಮನೆಯಲ್ಲಿ ಹೇಗೇ ಮಾತನಾಡಲಿ, ಕಚೇರಿಯಲ್ಲಿ, ವೇದಿಕೆಯ ಮೇಲೆ, ಮೈಸೂರಿನವರ ಜೊತೆ ಫೋನಿನಲ್ಲಿ ನನ್ನ ಕನ್ನಡವೇ ಬೇರೆ.

ಆ ಕನ್ನಡಕ್ಕೆ ಸಂಘದಲ್ಲಿ ಅಭಿಮಾನಿಗಳೂ ಇದ್ದರು. ಸರ್ವಸದಸ್ಯರ ಸಭೆಯಲ್ಲಿ ನಾನು ಸ್ವಾಗತ ಭಾಷಣಕ್ಕೆ ಎದ್ದರೆ ಶಾಮಿಯಾನದ ಹೊರಗೆ ಬೀಡಿ ಸೇದುತ್ತಿದ್ದವರೂ ಒಳಗೆ ಬಂದು ಕೂರುತ್ತಿದ್ದರು. ಹಿಂದಿನ ಸಭೆಯಲ್ಲಿ, ಸಂಘಕ್ಕೆ ಸ್ವಂತದ್ದೊಂದು ಅಕ್ಕಿ ಗಿರಣಿ ಹಾಕುವುದು ನನ್ನ ಬಹುದಿನದ ಕನಸು ಎಂದು ಘೋಷಿಸಿದಾಗ ಎಂಥ ನಗು, ಎಂಥ ಚಪ್ಪಾಳೆ! ಜನಕ್ಕೆ ಇಷ್ಟು ಸಂತೋಷವಾಗುವುದಾದರೆ ಗಿರಣಿಯನ್ನು ಮೊದಲೇ ಹಾಕಬೇಕಿತ್ತು ಎನ್ನಿಸಿತು. ಸಭೆ ಮುಗಿದ ಮೇಲೆ ವಯಸ್ಸಾದ ಸದಸ್ಯರೊಬ್ಬರು ಹತ್ತಿರ ಬಂದು, ಗಂಭೀರವಾಗಿ, "ಅದ್ಕೆ ನಮ್ ಮನೆ ಕೋಳೀನೂ ತರ್ಬೋದಾ ಸಾ?" ಎಂದು ಕೇಳಿದರು. ಪಾಪ, ಕಿವಿ ಮಂದ ಇರಬೇಕು ಎಂದುಕೊಂಡು ಬೆನ್ನು ತಟ್ಟಿ ಕಳಿಸಿದೆ.

ಹೀಗಿರುವಾಗ ಒಂದು ಬೆಳಗ್ಗೆ ಸಂಘದ ವೆಬ್‌ಸೈಟು ತೆರೆದರೆ ಯಂತ್ರಗಳೇ ಇಲ್ಲ. ಅವುಗಳ ಜಾಗದಲ್ಲಿ ಇಸ್ಪೀಟು ಎಲೆ ಹಿಡಿದ ಹೆಂಗಸೊಬ್ಬಳು ಕಣ್ಣು ಮಿಟುಕಿಸುತ್ತ, ಈಗಲೇ ಆಡಿ, ಈಗಲೇ ಗೆಲ್ಲಿ ಎಂದು ಕರೆಯುತ್ತಿದ್ದಾಳೆ. ಯಾರೋ ಎಲ್ಲಿಂದಲೋ ಒಳಗೆ ನುಗ್ಗಿ ನಮ್ಮ ಅಂಗಡಿಯಲ್ಲಿ ಅವರ ಸಾಮಾನು ಹರಡಿದ್ದರು. ನಾನು ಬೆವರುತ್ತಿದ್ದರೆ ಸದಸ್ಯರು ಫೋನಿನ ಮೇಲೆ ಫೋನು: ಈ ಹೊಸ ಸ್ಕೀಮಿಗೆ ಪಹಣಿ ಬೇಕಾ, ಆಧಾರ್ ಸಾಕಾ, ಸಬ್ಸಿಡಿ ಎಷ್ಟು. ನಮ್ಮ ಅಧ್ಯಕ್ಷ ಮಾದಪ್ಪನವರು ಮಾತ್ರ ಬಹಳ ಹೊತ್ತು ಪರದೆಯನ್ನು ದಿಟ್ಟಿಸಿ, "ಇವ್ಳು ಯಾವ ಶಾಖೆಯ ಸದಸ್ಯೆ ಕಣ್ರೀ?" ಎಂದರು.

ಮೈಸೂರಿನಿಂದ ಶಾಲಿನಿ ಎಂಬ ಇಂಜಿನಿಯರ್ ಬಂದರು. ನನ್ನ ವಯಸ್ಸಿನವರೇ, ಕನ್ನಡಕವನ್ನು ತಲೆಯ ಮೇಲೆ ಏರಿಸಿಕೊಂಡು ಮಾತನಾಡುವ ಗಟ್ಟಿ ಹೆಂಗಸು. ನಮ್ಮ ವೆಬ್‌ಸೈಟನ್ನು ಒಂದು ಗಳಿಗೆ ನೋಡಿ, "ಸರ್, ನಿಮ್ಮ ಕಂಪ್ಯೂಟರ್ ಬಾಗಿಲು ತೆಗೆದುಕೊಂಡು ರಸ್ತೆಗೆ ಮುಖ ಮಾಡಿ ಕೂತಿದೆ. ಯಾರು ಬಂದು ಏನು ಕೇಳಿದ್ರೂ ಅದೇ ಎದ್ದು ಬಂದು ಉತ್ತರ ಕೊಡ್ತಿದೆ. ಅದನ್ನ ಒಳಮನೆಗೆ ಸೇರಿಸಿ, ಬಾಗಿಲಲ್ಲಿ ಇನ್ನೊಂದು ಕಂಪ್ಯೂಟರ್ ಕೂರಿಸೋಣ. ಹೊರಗಿನವರು ಅದರ ಜೊತೆ ಮಾತ್ರ ಮಾತಾಡ್ತಾರೆ. ಅದು ಒಳಗೆ ಹೋಗಿ ಕೇಳಿಕೊಂಡು ಬಂದು ಹೇಳುತ್ತೆ. ಒಳಗೆ ಯಾರಿದ್ದಾರೆ, ಎಲ್ಲಿದ್ದಾರೆ ಅಂತ ಹೊರಗಿನವರಿಗೆ ಗೊತ್ತೇ ಆಗಲ್ಲ. ಇದಕ್ಕೆ ರಿವರ್ಸ್ ಪ್ರಾಕ್ಸಿ ಅಂತಾರೆ" ಎಂದರು.

"ಭಾಗ್ಯ!" ಎಂದೆ.

"ಏನಂದ್ರಿ?"

"ಏನಿಲ್ಲ, ಅರ್ಥವಾಯ್ತು" ಎಂದೆ. ಜೀವನದಲ್ಲಿ ಮೊದಲ ಸಲ ಕಂಪ್ಯೂಟರಿನ ವಿಷಯವೊಂದು ನನಗೆ ಹೇಳುತ್ತಿದ್ದಂತೆಯೇ ಅರ್ಥವಾಗಿತ್ತು.

ಬಾಗಿಲಲ್ಲಿ ಕೂತ ಆ ಕಂಪ್ಯೂಟರಿನ ಕೈಗೆ ಒಂದಿಷ್ಟು ನಿಯಮಗಳನ್ನು ಕೊಡುವುದು ಫೈರ್‌ವಾಲ್. ಯಾರನ್ನು ಬಿಡಬೇಕು, ಯಾರನ್ನು ಬಿಡಬಾರದು, ಯಾವ ಮಾತು ಒಳಗೆ ಹೋಗಬಾರದು ಎಂಬುದೆಲ್ಲ ಅದರಲ್ಲಿರುತ್ತದೆ. ಮುಖ್ಯ ನಿಯಮವನ್ನು ಶಾಲಿನಿಯವರೇ ವಿವರಿಸಿದರು. ಸದಸ್ಯರು ಷೇರು ಪುಸ್ತಕದಲ್ಲಿ ಇರುವಂತೆಯೇ ತಮ್ಮ ಹೆಸರು ಬರೆದು, ಸದಸ್ಯ ಸಂಖ್ಯೆ ಹಾಕಬೇಕು. ಹೆಸರನ್ನು ಪದೇ ಪದೇ ತಪ್ಪಾಗಿ ಹೇಳಿ ಬಾಗಿಲು ಬಡಿಯುವವನು ಕಳ್ಳನೇ ಸರಿ; ಆಗ ಫೈರ್‌ವಾಲ್ ಅವನು ನಿಂತ ಜಾಗವನ್ನೇ ಮುಚ್ಚಿಬಿಡುತ್ತದೆ. ಆ ಜಾಗದಿಂದ ಆಮೇಲೆ ಒಳ್ಳೆಯವರು ಬಂದರೂ ಬಿಡುವುದಿಲ್ಲ. ಮುಚ್ಚಿದ ಬಾಗಿಲನ್ನು ಮತ್ತೆ ಬಡಿದರೆ ಇನ್ನಷ್ಟು ಹೊತ್ತು ಮುಚ್ಚುತ್ತದೆ. "ನಿಮ್ಮ ಆಫೀಸಿಗೆ ಮಾತ್ರ ವಿನಾಯಿತಿ ಇಡ್ಲಾ ಸರ್?" ಎಂದು ಕೇಳಿದರು. ನನಗೆ ಎಲ್ಲಿಲ್ಲದ ನ್ಯಾಯನಿಷ್ಠೆ ಉಕ್ಕಿ ಬಂತು. ಕಾರ್ಯದರ್ಶಿಗೂ ಬೇಡ, ಯಾರಿಗೂ ಬೇಡ ಎಂದುಬಿಟ್ಟೆ.

ಇದನ್ನು ಆಡಳಿತ ಮಂಡಳಿಯ ಮುಂದೆ ಇಟ್ಟಾಗ ಕೋಲಾಹಲವಾಯಿತು. ಸಹಕಾರ ಸಂಘಗಳಲ್ಲಿ ಪ್ರಾಕ್ಸಿ ಎಂದರೆ ಒಬ್ಬರ ವೋಟನ್ನು ಇನ್ನೊಬ್ಬರು ಹಾಕುವುದು. ಕಳೆದ ಚುನಾವಣೆಯಲ್ಲಿ ಅದೇ ವಿಷಯಕ್ಕೆ ಕುರ್ಚಿ ಮುರಿದಿತ್ತು. ಹಿಂದಿನ ಸಾಲಿನಿಂದ ನಿರ್ದೇಶಕರೊಬ್ಬರು ಎದ್ದು, "ಪ್ರಾಕ್ಸಿ ಬ್ಯಾಡ ಅಂತ ಓದ್ ಸಲನೇ ಠರಾವು ಆಗದೆ. ಈಗ ಅದನ್ನ ರಿವರ್ಸ್ ಮಾಡಿ ವಾಪಸ್ ತತ್ತಿದ್ದೀರಾ?" ಎಂದು ಮೇಜು ಗುದ್ದಿದರು. ಅಧ್ಯಕ್ಷರಿಗೆ ಚಿಂತೆಯಾದದ್ದು ಫೈರ್‌ವಾಲ್. ಗೋಡೆ ಕಟ್ಟಲು ಪುರಸಭೆಯ ಪರ್ಮಿಷನ್ ಬೇಡವೇ ಎಂದು ಕೇಳಿದರು. ನಾನು ಎದ್ದು ನಿಂತು, ಗಂಟಲು ಸರಿಮಾಡಿಕೊಂಡು, ನನ್ನ ಕಚೇರಿಯ ಕನ್ನಡದಲ್ಲಿ ಅತ್ತೆ, ಅಳಿಯ, ನಡುವೆ ಮಗಳು ಎಂದು ಉದಾಹರಣೆ ಕೊಟ್ಟು ವಿವರಿಸಿದೆ. ಎಲ್ಲರಿಗೂ ಅರ್ಥವಾಯಿತು. ಕೆಲವರು ಕರವಸ್ತ್ರ ಬಾಯಿಗೆ ಒತ್ತಿಕೊಂಡದ್ದನ್ನು ಕಂಡು, ಉದಾಹರಣೆ ಅವರ ಮನೆಯ ನೆನಪು ತಂದಿರಬೇಕು ಎಂದುಕೊಂಡೆ. ಠರಾವು ಪಾಸಾಯಿತು.

ಕೆಲಸ ಮುಗಿದ ದಿನ ಶಾಲಿನಿಯವರು ಮೈಸೂರಿನಿಂದ ಫೋನು ಮಾಡಿ, ಫೈರ್‌ವಾಲಿನ ಬೀಗ ತೆಗೆಯಲು ಒಂದು ಪಾಸ್‌ವರ್ಡು ಹೇಳಿ ಎಂದರು. ಕಿಟಕಿಯ ಆಚೆ ನಮ್ಮ ಯಂತ್ರಗಳು ನಿಲ್ಲುವ ಅಂಗಳದಲ್ಲಿ ಒಂದು ಅರಳೀಕಟ್ಟೆ ಇದೆ. ಅದನ್ನೇ ಸ್ಪಷ್ಟವಾಗಿ, ಸ್ವಚ್ಛವಾಗಿ ಹೇಳಿದೆ. ಅವರು "ಇನ್ನೊಂದ್ಸಲ ಹೇಳಿ ಸರ್" ಎಂದರು. ಇನ್ನೂ ಸ್ಪಷ್ಟವಾಗಿ ಹೇಳಿದೆ. "ಒಳ್ಳೇ ಪಾಸ್‌ವರ್ಡ್ ಸರ್, ಯಾರಿಗೂ ಹೊಳೆಯಲ್ಲ" ಎಂದರು. ಅವರೇ ಅಲ್ಲಿಂದ ನನ್ನ ಕಂಪ್ಯೂಟರಿಗೆ ಕೈಚಾಚಿ ಬೀಗ ತೆಗೆದು ಕೊಟ್ಟರು. ಅದು ತೆರೆದೇ ಇದ್ದದ್ದರಿಂದ ಆ ಪಾಸ್‌ವರ್ಡನ್ನು ಬರೆಯುವ ಸಂದರ್ಭ ನನಗೆ ಬರಲಿಲ್ಲ.

ಕೊಯ್ಲಿನ ಕಾಲ ಬಂತು. ಫೈರ್‌ವಾಲ್ ಅಮೋಘವಾಗಿ ಕೆಲಸ ಮಾಡಿತು. ತೆರೆದರೆ ಸಾಕು, ಇಷ್ಟು ದಾಳಿ ತಡೆಯಲಾಗಿದೆ, ಅಷ್ಟು ದಾಳಿ ತಡೆಯಲಾಗಿದೆ ಎಂದು ಕೆಂಪು ಅಕ್ಷರದಲ್ಲಿ ತೋರಿಸುತ್ತಿತ್ತು. ನಾನು ಅಧ್ಯಕ್ಷರ ಹತ್ತಿರ ಹೋಗಿ, "ದಾಳಿಯೆಲ್ಲ ತಿರುಮಕೂಡಲು ನರಸೀಪುರದ ಕಡೆಯಿಂದ, ಅದರಲ್ಲೂ ಮೂಗೂರಿನ ದಿಕ್ಕಿನಿಂದಲೇ ಬರುತ್ತಿದೆ" ಎಂದು ಗುಟ್ಟಾಗಿ ವರದಿ ಒಪ್ಪಿಸಿದೆ. "ಅಲ್ಲಿ ಯಾರೋ ದೊಡ್ಡ ಕಳ್ಳ ಕುಂತವ್ನೆ ಅನ್ನಿ. ಬಿಡ್ಬೇಡಿ" ಎಂದರು ಅವರು. ಬಿಡಲಿಲ್ಲ. ಯಂತ್ರಗಳೆಲ್ಲ ಸಾಲಾಗಿ ಚಿಕ್ಕಯ್ಯನಛತ್ರಕ್ಕೆ ಹೋಗುತ್ತಿದ್ದವು. ಮೂಗೂರಿನಿಂದ ಒಬ್ಬರೂ ಗುರುತು ಹಾಕಿರಲಿಲ್ಲ. ಆ ಕಡೆ ಪೈರು ಇನ್ನೂ ಹಣ್ಣಾಗಿಲ್ಲವೇನೋ ಎಂದುಕೊಂಡೆ. ನಡುನಡುವೆ ಮೂಗೂರಿನ ಕೆಲವರು ಫೋನು ಮಾಡಿ ಬಾಗಿಲು ತೆಗೆಯುತ್ತಿಲ್ಲ ಎಂದರು. ಸಿಗ್ನಲ್ ಇರಲಾರದು, ಶಾಖೆಯ ಜಗಲಿಯಲ್ಲಿ ಕೂತು ಅಲ್ಲಿಯ ವೈಫೈಯಲ್ಲಿ ಮತ್ತೆ ಮತ್ತೆ ಪ್ರಯತ್ನಿಸಿ ಎಂದು ನಾನೇ ಹುರಿದುಂಬಿಸಿದೆ. ಅವರು ಪಾಪ ಊರಿಗೆ ಊರೇ ಜಗಲಿಗೆ ಬಂದು ಕೂತು, ಒಂದೇ ವೈಫೈಯಲ್ಲಿ, ಹಗಲೆಲ್ಲ ಪ್ರಯತ್ನಿಸಿದರು. ನನ್ನ ಪರದೆಯ ಮೇಲೆ ದಾಳಿ ಏರುತ್ತಲೇ ಹೋಯಿತು.

ಮನೆಯಲ್ಲಿ ಭಾಗ್ಯ, "ಅಮ್ಮ ಫೋನ್ ಮಾಡಿತ್ತು. ಮಿಷನ್ ಬುಕ್ ಆಗ್ತಿಲ್ವಂತೆ, ಸ್ವಲ್ಪ ನೋಡ್ಬೇಕಂತೆ" ಎಂದಳು. ನೋಡೋಣ ಎಂದೆ. ಮರುದಿನ, "ಅಮ್ಮನ ಗದ್ದೆ ಪೂರ್ತಿ ಹಣ್ಣಾಗಿದೆಯಂತೆ, ಸ್ವಲ್ಪ ಬೇಗ ನೋಡ್ಬೇಕಂತೆ" ಎಂದಳು. ಅಷ್ಟು ಹೇಳುವ ಮೊದಲು ಅವಳು ಫೋನನ್ನು ಕಿವಿಯಿಂದ ಒಂದು ಮೊಳ ದೂರ ಹಿಡಿದಿದ್ದುದನ್ನು ನಾನು ಗಮನಿಸಬೇಕಿತ್ತು. ಆಕಾಶದಲ್ಲಿ ಮೋಡವನ್ನಾದರೂ ಗಮನಿಸಬೇಕಿತ್ತು.

ಮರುದಿನ ಮಧ್ಯಾಹ್ನ ಕಚೇರಿಯ ಬಾಗಿಲಲ್ಲಿ ನಮ್ಮ ಅತ್ತೆ ನಿಂತಿದ್ದರು. ನರಸೀಪುರದಲ್ಲಿ ಬಸ್ಸು ಬದಲಾಯಿಸಿ ಒಬ್ಬರೇ ಬಂದಿದ್ದರು. ನಾನು ದಡಬಡಿಸಿ ಎದ್ದೆ. ಅವರು ಸೆರಗನ್ನು ತಲೆಯ ಮೇಲೆ ಎಳೆದುಕೊಂಡು ಗೋಡೆಯ ಕಡೆ ತಿರುಗಿ, ಅಲ್ಲೇ ಇದ್ದ ನಮ್ಮ ಜವಾನ ಸಿದ್ದಯ್ಯನಿಗೆ, "ಏಳಪ್ಪ ಅವ್ರಿಗೆ, ನಮ್ಮೂರ್ನೋರೇನು ಕಳ್ರಾ ಅಂತ ಕೇಳು" ಎಂದರು.

ಸಿದ್ದಯ್ಯ ನನ್ನ ಕಡೆ ತಿರುಗಿ, "ಅವ್ರೂರ್ನೋರು ಕಳ್ರಾ ಅಂತ ಕೇಳ್ತಾವ್ರೆ ಸಾ" ಎಂದ.

"ಯಾರು ಹೇಳಿದ್ದು ಅಂತ ಕೇಳು."

"ಯಾರ್ ಏಳಿದ್ದು ಅಂತವ್ರೆ ಕಣವ್ವ."

"ಅವ್ರ ಕಂಪ್ಯೂಟರೇ ಏಳ್ತಾ ಕುಂತದಲ್ಲಪ್ಪ! ಪ್ರವೇಶ ಇಲ್ಲ, ಪ್ರವೇಶ ಇಲ್ಲ ಅಂತ ಕೆಂಪುಗೆ ಬರ್ದು ತೋರುಸ್ತದೆ. ಛತ್ರದ ಕಡೇಗೆ ಮೂರೊತ್ತೂ ಮಿಷನ್ನು ಓಯ್ತದಂತೆ. ಉಟ್ಟಿದೂರ ಮೇಲೆ ಅಷ್ಟ್ ಪ್ರೀತಿ ಇದ್ದೋರು ನಮ್ಮೂರ್ಗೆ ಎಣ್ಣು ಕೇಳ್ಕಂಡು ಯಾಕ್ ಬಂದ್ರು ಅಂತ ಕೇಳು."

ಸಿದ್ದಯ್ಯನಿಗೆ ಭಾಗ್ಯಳ ಹಾಗೆ ಸೋಸುವ ಅಭ್ಯಾಸ ಇರಲಿಲ್ಲ. ಕೇಳಿದ್ದನ್ನು ಕೇಳಿದ ಹಾಗೆಯೇ, ಇನ್ನೂ ಸ್ವಲ್ಪ ಜೋರಾಗಿ ನನಗೆ ಒಪ್ಪಿಸಿದ. ಪಕ್ಕದ ಕೋಣೆಯ ಟೈಪಿನ ಸದ್ದು ನಿಂತಿತು. ನಾನು ಅವನನ್ನು ಟೀ ತರಲು ಓಡಿಸಿದೆ. ಆಮೇಲೆ ತಿಳಿಯಿತು, ಅದು ತಪ್ಪು ಎಂದು. ಕೋಣೆಯಲ್ಲಿ ನಾವಿಬ್ಬರೇ ಉಳಿದೆವು, ಮಾತು ದಾಟಿಸುವವರು ಯಾರೂ ಇಲ್ಲ. ಅತ್ತೆ ಒಂದು ನಿಮಿಷ ಗೋಡೆಯನ್ನು ನೋಡಿದರು. ಕ್ಯಾಲೆಂಡರನ್ನು ನೋಡಿದರು. ಆಮೇಲೆ ನಿಧಾನವಾಗಿ ನನ್ನ ಕಡೆ ತಿರುಗಿದರು. ಮದುವೆಯಾದ ಲಾಗಾಯ್ತು ನಾನು ಅವರ ಕಣ್ಣನ್ನು ಅಷ್ಟು ಹತ್ತಿರದಿಂದ ನೋಡಿರಲಿಲ್ಲ. ಬೈಗುಳಕ್ಕೆ ಸಿದ್ಧನಾಗಿದ್ದೆ, ಆದರೆ ಆ ಕಣ್ಣಲ್ಲಿ ನೀರಿತ್ತು.

"ಅಳಿಯಂದ್ರೇ, ಪೈರು ಪೂರ್ತಿ ಬಾಗೋಗದೆ. ಮ್ಯಾಕ್ಕೆ ನೋಡುದ್ರೆ ಮೋಡ ಕಟ್ಕಂಡು ಕುಂತದೆ. ಒಂದು ಮಳೆ ಉಯ್ದುದ್ರೆ ತೆನೆಯೆಲ್ಲ ನೆಲುಕ್ಕೋಯ್ತದೆ. ಕುಯ್ಯೋ ಆಳು ಇಲ್ಲ. ನಾನೇನ್ ಮಾಡ್ಲಿ ಏಳಿ" ಎಂದರು.

ನನಗೆ ನಿಜಕ್ಕೂ ಸಂಕಟವಾಯಿತು. ಅವರನ್ನು ಕುರ್ಚಿಯಲ್ಲಿ ಕೂರಿಸಿ, ಹೇಗೆ ಒಳಗೆ ಹೋಗುತ್ತೀರಿ ತೋರಿಸಿ ಎಂದೆ. ಅವರು ಫೋನು ತೆಗೆದು, ನಮ್ಮ ಕಚೇರಿಯ ವೈಫೈಯಲ್ಲಿ ವೆಬ್‌ಸೈಟು ತೆರೆದು, ಹೆಸರು ಬರೆಯುವ ಬದಲು ಮೈಕಿನ ಗುರುತು ಒತ್ತಿ, ಬಾಯಿಯ ಹತ್ತಿರ ಹಿಡಿದು ಗಟ್ಟಿಯಾಗಿ ತಮ್ಮ ಹೆಸರು ಹೇಳಿದರು. ಫೋನು ಅದನ್ನು ಹೇಳಿದ ಹಾಗೆಯೇ ಅಕ್ಷರದಲ್ಲಿ ಮೂಡಿಸಿತು: ಒನ್ನಮ್ಮ. ತಕ್ಷಣ ಕೆಂಪು ಅಕ್ಷರ ಬಂತು, ಹೆಸರು ತಪ್ಪಾಗಿದೆ.

ಆಗ ನನ್ನ ತಲೆಯಲ್ಲಿ ದೀಪ ಹತ್ತಿತು. ನಂಜನಗೂಡಿನ ಸುತ್ತ, ಛತ್ರದಲ್ಲೂ, ಮನೆಗೊಬ್ಬ ನಂಜುಂಡಯ್ಯ, ನಂಜಪ್ಪ, ನಂಜಮ್ಮ. ಆ ಹೆಸರುಗಳನ್ನು ಯಾರು ಹೇಗೆ ಹೇಳಿದರೂ ತಲೆ ಹಾರುವುದಿಲ್ಲ. ಆದರೆ ಮೂಗೂರಿನ ನಮ್ಮ ಸದಸ್ಯರಲ್ಲಿ ಅರ್ಧ ಜನ ಹೊನ್ನೇಗೌಡ, ಹೊಂಬೇಗೌಡ, ಹಲಗಯ್ಯ. ಅವರೆಲ್ಲ ಜಗಲಿಯಲ್ಲಿ ಕೂತು ಫೋನಿಗೆ ಒನ್ನೇಗೌಡ, ಒಂಬೇಗೌಡ, ಅಲಗಯ್ಯ ಎಂದು ಕೂಗಿದ್ದಾರೆ. ಹುಚ್ಚೇಗೌಡರ ಹೆಸರನ್ನು ಆ ಫೋನು ಹೇಗೆ ಬರೆದಿತ್ತು ಎಂಬುದನ್ನು ನಾನು ಇಲ್ಲಿ ಬರೆಯುವುದಿಲ್ಲ. ಇಷ್ಟು ಸುಳ್ಳು ಹೆಸರಿನ ಜನ ಒಂದೇ ಜಾಗದಿಂದ ಬಾಗಿಲು ಬಡಿದಾಗ ಫೈರ್‌ವಾಲ್ ಊರನ್ನೇ ಆಚೆ ಹಾಕಿತ್ತು. ಹೆಸರಿನಲ್ಲಿ ಹಕಾರವೇ ಇಲ್ಲದ ಮಾದೇಶ, ಬಸಮ್ಮನಂಥ ನಿರಪರಾಧಿಗಳೂ ಅವರ ಜೊತೆಗೆ ಹೊರಗೆ ನಿಂತಿದ್ದರು.

ನನಗೆ ಸಂಕಟ ಹೋಗಿ ಮೇಷ್ಟರ ಉತ್ಸಾಹ ಬಂತು. "ಅತ್ತೆ, ನಿಮ್ಮ ಹೆಸರು ಹೊನ್ನಮ್ಮ. ಹೊ. ಹೊ. ಹೇಳಿ."

"ಅದೇ ಏಳ್ತಾ ಇರದು. ಒನ್ನಮ್ಮ."

ಅಂಗೈಯನ್ನು ಬಾಯಿಯ ಮುಂದೆ ಹಿಡಿಯಿರಿ, ಗಾಳಿ ತಗುಲಬೇಕು ಎಂದೆ. ಅವರು ಅಂಗೈ ಹಿಡಿದು, ಕೆನ್ನೆಯುಬ್ಬಿಸಿ ಒಲೆ ಊದುವ ಹಾಗೆ ಜೋರಾಗಿ ಊದಿ, ಮೈಕು ಒತ್ತಿ, ಆಮೇಲೆ ಸಾವಕಾಶವಾಗಿ "ಒನ್ನಮ್ಮ" ಎಂದರು. ನನ್ನ ಮೇಜಿನ ಕಾಗದಗಳು ಹಾರಿದವು, ಹಕಾರ ಮಾತ್ರ ಬರಲಿಲ್ಲ. ಟೀ ಹಿಡಿದು ಬಂದ ಸಿದ್ದಯ್ಯ, "ನಾನ್ ಏಳ್ಕೊಡ್ತೀನಿ ಇರಿ ಸಾ. ಒನ್ನಮ್ಮ ಅಲ್ಲ ಕಣವ್ವ, ಒನ್ನಮ್ಮ ಅನ್ಬೇಕು" ಎಂದ.

ಪಾಠ ಸಾಕು, ಮೊದಲು ಮೂಗೂರನ್ನು ಬಿಡಿಸೋಣ ಎಂದು ನಾನು ಫೈರ್‌ವಾಲಿನ ಬೀಗದ ಹತ್ತಿರ ಹೋದೆ. ಬೆಳಗ್ಗೆ ಕರೆಂಟು ಹೋಗಿ ಬಂದದ್ದರಿಂದ ಅದು ಮುಚ್ಚಿಕೊಂಡು ಪಾಸ್‌ವರ್ಡು ಕೇಳಿತು. ಅರಳೀಕಟ್ಟೆ ಎಂದು ಬರೆದೆ. ತಪ್ಪು ಎಂದಿತು. ರಕಾರ, ಳಕಾರ ನೋಡಿಕೊಂಡು ಮತ್ತೆ ಬರೆದೆ. ತಪ್ಪು. ಕನ್ನಡಕ ಒರೆಸಿಕೊಂಡು, ಒಂದೊಂದೇ ಅಕ್ಷರವನ್ನು ಬಾಯಲ್ಲಿ ಹೇಳಿಕೊಳ್ಳುತ್ತ ಬರೆದೆ. ಪರದೆ ಪೂರ್ತಿ ಕೆಂಪಾಯಿತು: ನಿಮಗೆ ಪ್ರವೇಶವಿಲ್ಲ. ಯಾರಿಗೂ ವಿನಾಯಿತಿ ಬೇಡ ಎಂದವನನ್ನು ಫೈರ್‌ವಾಲ್ ಮರೆತಿರಲಿಲ್ಲ. ನಂಜನಗೂಡಿನ ಪ್ರಧಾನ ಕಚೇರಿಯೂ ಮೂಗೂರಿನ ಪಕ್ಕದಲ್ಲಿ ಬೀದಿಗೆ ಬಂದು ನಿಂತಿತು. ಕಿಟಕಿಯ ಹೊರಗೆ ಗುಡುಗಿತು. ಅತ್ತೆ ಬೆಚ್ಚಿ ಬಿದ್ದು ಸೆರಗಿನ ತುದಿಯನ್ನು ಮುಷ್ಟಿಯಲ್ಲಿ ಹಿಡಿದುಕೊಂಡರು.

ಶಾಲಿನಿಯವರಿಗೆ ಫೋನು ಹಚ್ಚಿದೆ. ಅತ್ತೆಗೂ ಕೇಳಲಿ ಎಂದು ಫೋನನ್ನು ಮೇಜಿನ ಮೇಲಿಟ್ಟು ಸ್ಪೀಕರ್ ಹಾಕಿದೆ. "ನೀವು ಹಾಕಿದ ಪಾಸ್‌ವರ್ಡು ಕೆಲಸ ಮಾಡುತ್ತಿಲ್ಲ, ಇದೇನು ಬೇಜವಾಬ್ದಾರಿ" ಎಂದು ರೇಗಿದೆ.

"ನೀವು ಹೇಳಿದ್ದೇ ಹಾಕಿದೀನಲ್ಲ ಸರ್. ಹರಳೀಕಟ್ಟೆ."

"ಏನು?"

"ಹರಳೀಕಟ್ಟೆ ಸರ್. ಹ ಇಂದ ಶುರು. ನಂಗೂ ಅನುಮಾನ ಬಂದು ಇನ್ನೊಂದ್ಸಲ ಕೇಳಿದೆ. ನೀವು ಇನ್ನೂ ಗಟ್ಟಿಯಾಗಿ ಹರಳೀಕಟ್ಟೆ ಅಂದ್ರಿ. ನಿಮ್ಮ ಕಡೆ ಆ ಹೆಸರಿನ ಊರಿರಬೇಕು ಅಂದ್ಕೊಂಡೆ."

ಸಿದ್ದಯ್ಯ ಟೀ ಲೋಟವನ್ನು ಮೆಲ್ಲಗೆ ಮೇಜಿನ ಮೇಲಿಟ್ಟು, ಕಷ್ಟಪಟ್ಟು ನನ್ನ ದನಿಯನ್ನೇ ಅನುಕರಿಸುತ್ತ, "ತಾವು ಯಾವಾಗ್ಲೂ ಅಂಗೇ ಅಲ್ವಾ ಸಾ ಅನ್ನೋದು? ಹಧ್ಯಕ್ಷರು ಅಂತೀರಿ. ಹಾಡಳಿತ ಮಂಡಳಿ ಅಂತೀರಿ. ಓದ್ ಸಭೇಲಿ ಹಕ್ಕಿ ಗಿರಣಿ ಆಕ್ತೀನಿ ಅಂದ್ರಲ್ಲ" ಎಂದ. ಕೋಳಿ ತರಬಹುದೇ ಎಂದು ಕೇಳಿದ ಆ ಹಿರಿಯರ ಮುಖ ನನ್ನ ಕಣ್ಣ ಮುಂದೆ ಬಂತು. ಪಾಪ, ಅವರ ಕಿವಿ ಸರಿಯಾಗಿಯೇ ಇತ್ತು. ಮೇಷ್ಟರು ಹಕಾರವನ್ನು ನನ್ನೊಳಗೆ ಎಷ್ಟು ಒತ್ತಿ ತುಂಬಿದ್ದರೆಂದರೆ, ಕಚೇರಿಯ ಕನ್ನಡಕ್ಕೆ ಏರಿದ ಕೂಡಲೇ ಅದು ಬೇಕಾದಲ್ಲಿ ಬೇಡವಾದಲ್ಲಿ ಉದುರುತ್ತಿತ್ತು. ನನಗೆ ಮಾತ್ರ ಕೇಳಿಸುತ್ತಿರಲಿಲ್ಲ.

ಅತ್ತೆ ಸೆರಗನ್ನು ಬಾಯಿಗೆ ತುರುಕಿಕೊಂಡು ಅಲುಗುತ್ತಿದ್ದರು. ಅಳುತ್ತಿದ್ದಾರೆಂದು ನಾನು ಗಾಬರಿಯಾದೆ. ಸೆರಗು ತೆಗೆದು, ಕಣ್ಣೊರೆಸಿಕೊಂಡು, ನನ್ನ ಮುಖವನ್ನೇ ನೋಡಿ, "ನಮ್ಮೂರ್ನೋರ್ ಬಾಯಿಂದ ಬಿದ್ದೋಗಿದ್ದುನ್ನೆಲ್ಲ ಎತ್ಕಂಡ್ ಬಂದು ನೀವೊಬ್ರೇ ಮಡಿಕ್ಕಂಡಿದ್ರಾ?" ಎಂದರು.

ಶಾಲಿನಿಯವರು ಒಳ್ಳೆಯವರು. ಅಲ್ಲಿಂದಲೇ ಮೂಗೂರಿನ ಬಾಗಿಲು ತೆಗೆದರು, ನಮ್ಮದನ್ನೂ ತೆಗೆದರು. ಹೆಸರಿನ ಮೊದಲ ಅಕ್ಷರಕ್ಕೆ ಹಕಾರ ಇದ್ದರೂ ಸರಿ, ಇಲ್ಲದಿದ್ದರೂ ಸರಿ ಎಂದು ಫೈರ್‌ವಾಲಿಗೆ ಬುದ್ಧಿ ಹೇಳಿದರು. ನನ್ನ ಮೇಜಿನ ಎದುರೇ ಕೂತು ಅತ್ತೆ ಒನ್ನಮ್ಮ ಎಂದೇ ಒಳಗೆ ಹೋಗಿ ಯಂತ್ರಕ್ಕೆ ಗುರುತು ಹಾಕಿದರು. ಛತ್ರದ ದಾರಿಯಲ್ಲಿದ್ದ ಯಂತ್ರ ಕಪಿಲೆಯ ಸೇತುವೆಯ ಹತ್ತಿರ ಹಿಂದಕ್ಕೆ ತಿರುಗಿತು. ಮರುದಿನ ಸಂಜೆಯೊಳಗೆ ಅವರ ಭತ್ತ ಒಳಗೆ ಸೇರಿತು, ಆಮೇಲೆ ಮಳೆ ಹುಯ್ಯಿತು. ಹುಲ್ಲು ಮಾತ್ರ ಗದ್ದೆಯಲ್ಲೇ ನೆನೆದುಹೋಯಿತು. ಆ ಹುಲ್ಲಿನ ವಿಷಯ ನನಗೆ ಈಗಲೂ ಆಗಾಗ ತಲುಪುತ್ತದೆ.

ಅಂದು ಮನೆಗೆ ಹೋಗಿ ಭಾಗ್ಯಳನ್ನು, "ನಿನಗೂ ಗೊತ್ತಿತ್ತಾ?" ಎಂದು ಕೇಳಿದೆ. ಅವಳು ಸೊಪ್ಪು ಬಿಡಿಸುತ್ತ, ತಲೆಯೆತ್ತದೆ, "ಮಾರ್ಕೆಟ್ಟಲ್ಲಿ, ಬಸ್ಸಲ್ಲಿ ಎಲ್ಲ ಹೇಳ್ತಾರೆ. ನಿಮ್ಮ ಯಜಮಾನ್ರ ಹಕ್ಕಿ ಗಿರಣಿ ಎಲ್ಲಿಗೆ ಬಂತು ಅಂತಾರೆ. ನಾನು ಮನೆವರ್ಗೂ ತರ್ತಿರ್ಲಿಲ್ಲ. ಭಾಷಣ ಮಾಡ್ಬಿಟ್ಟು ಎಷ್ಟು ಖುಷಿಯಾಗಿ ಬರ್ತಿದ್ರಿ ನೀವು" ಎಂದಳು. ನನಗೆ ಅವಮಾನವೂ ಆಯಿತು, ಅವಳ ಮೇಲೆ ಹೇಳಲಾರದಷ್ಟು ಪ್ರೀತಿಯೂ ಬಂತು. ಪೇಟೆಯ ನಗುವನ್ನೆಲ್ಲ ಬಾಗಿಲಲ್ಲೇ ತಡೆದು, ಒಳಗೆ ನನ್ನನ್ನು ದೊಡ್ಡ ಮನುಷ್ಯನ ಹಾಗೆ ಕೂರಿಸಿದ್ದಳು. ಏನಾದರೂ ಒಳ್ಳೆಯ ಮಾತು ಹೇಳಬೇಕೆನಿಸಿತು. ಮೊದಲ ಅಕ್ಷರದ ಮೇಲೆ ನಂಬಿಕೆ ಹೋಗಿದ್ದರಿಂದ ಸುಮ್ಮನೆ ಕೂತು ಜೊತೆಗೆ ಸೊಪ್ಪು ಬಿಡಿಸಿದೆ.

ಹೊಸ ಅಕ್ಕಿಯ ಊಟಕ್ಕೆ ಮೂಗೂರಿನಿಂದ ಕರೆ ಬಂತು. ಹೋದೆವು. ಅತ್ತೆ ಅಡುಗೆಮನೆಯ ಬಾಗಿಲ ಹಿಂದೆ ಇರಲಿಲ್ಲ. ಒಂದು ಸಲ ನೇರವಾಗಿ ಮಾತನಾಡಿ ರುಚಿ ಕಂಡಿದ್ದರು; ಹೊಸಿಲ ಮೇಲೆ, ಸೊಂಟಕ್ಕೆ ಸೆರಗು ಸಿಕ್ಕಿಸಿ, ನನ್ನನ್ನೇ ಎದುರು ನೋಡುತ್ತ ನಿಂತಿದ್ದರು. ಅಂಗೈಗೂ ಊದದೆ, ಯಾರ ಪಾಠವೂ ಇಲ್ಲದೆ, ಜೀವಮಾನದಲ್ಲಿ ಮೊದಲ ಸಲ ಅವರ ಬಾಯಿಂದ ಹಕಾರ ಸಲೀಸಾಗಿ ಹೊರಬಂತು.

"ಬನ್ನಿ ಹಳಿಯಂದ್ರೇ, ಹೊಳಗೆ ಬನ್ನಿ. ಹನ್ನ ಹಾರ್ತದೆ."

ಸೋಸಿ ಕೊಡು ಎಂದು ಭಾಗ್ಯಳ ಕಡೆ ನೋಡಿದೆ. ಅವಳು ಬೆನ್ನು ತಿರುಗಿಸಿಕೊಂಡು ಗೋಡೆಗೆ ಒರಗಿ ನಗುತ್ತಿದ್ದಳು. ಆಗಲಿ ಎನ್ನಬೇಕಿತ್ತು, ಅದರಲ್ಲಿ ಅಪಾಯವಿತ್ತು. ಹೂಂ ಎಂದರೂ ಇತ್ತು. ಅತ್ತೆ ಎನ್ನುವ ಧೈರ್ಯವಂತೂ ಇರಲಿಲ್ಲ. ಅಕಾರ ಹಕಾರಗಳ ಗೊಡವೆಯೇ ಇಲ್ಲದ ಮಾತೊಂದನ್ನು ಹೊಸಿಲ ಈಚೆ ನಿಂತು ಹುಡುಕಿ, "ಬಂದೆ" ಎಂದೆ.